ಉದರೇತಿಹಾಸ ಮೀಮಾಂಸೆ: ಸ್ಯಾನ್ ಹ್ವಾನ್ ಪ್ರಕರಣ

ಯಾವ ಶಾಸ್ತ್ರವನ್ನೇ ಆಗಲಿ ಆರಂಭಿಸುವ ಮೊದಲು ವಿಷಯ, ಪ್ರಯೋಜನ, ಸಂಬಂಧ, ಅಧಿಕಾರಿ ಎಂಬ ನಾಲ್ಕನ್ನು ಹೇಳಿಬಿಡಬೇಕೆಂಬುದು ಹಿರಿಯರ ಕಟ್ಟಳೆ. ಹೇಳದೆ ಶುರು ಮಾಡಿದವರ ಗ್ರಂಥವನ್ನು ಯಾರೂ ಓದುವುದಿಲ್ಲ. ಹೇಳಿ ಶುರು ಮಾಡಿದವರದನ್ನೂ ಓದುವುದಿಲ್ಲ, ಆದರೆ ಗೌರವದಿಂದ ಓದುವುದಿಲ್ಲ. ಆದ್ದರಿಂದ ಹೇಳುತ್ತೇವೆ. ವಿಷಯ: ಕೆರಿಬಿಯನ್ ದ್ವೀಪವಾದ ಪೋರ್ಟೊ ರಿಕೊದ ರಾಜಧಾನಿ ಸ್ಯಾನ್ ಹ್ವಾನ್, ಅದರ ಕೋಟೆಯೊಳಗಿನ ಹಳೇ ಪೇಟೆ, ಅಲ್ಲಿ ಗೈಡ್ ಒಬ್ಬರ ಬೆನ್ನು ಹಿಡಿದು ಮೂರು ಗಂಟೆ ನಡೆಯುತ್ತ, ಅಲ್ಲಲ್ಲಿ ನಿಂತು ತಿನ್ನುತ್ತ, ತಿಂದದ್ದೆಲ್ಲ ಇತಿಹಾಸವೆಂದು ನಂಬುವ ಕ್ರಿಯೆ. ಪ್ರಯೋಜನ: ಇತಿಹಾಸವನ್ನು ಓದದೆಯೇ ಅರಗಿಸಿಕೊಳ್ಳುವುದು. ಸಂಬಂಧ: ಕಾಲಿಗೂ ಹೊಟ್ಟೆಗೂ ಇರುವಂಥದ್ದು; ಕಾಲು ಮುಂದೆ ಹೋದಷ್ಟೂ ಹೊಟ್ಟೆ ಅದಕ್ಕಿಂತ ಮುಂದೆ ಹೋಗುತ್ತದೆ. ಅಧಿಕಾರಿ: ಬೆಳಗಿನ ತಿಂಡಿ ಬಿಟ್ಟು ಬಂದವನು, ಏರು ರಸ್ತೆಗೆ ಅಂಜದವನು, ಸಂಜೆ ಕ್ರೂಸ್ ಹಡಗು ಹತ್ತುವ ಅವಸರವಿಲ್ಲದವನು. ಸಕ್ಕರೆ ಕಾಯಿಲೆಯವರಿಗೆ ಶ್ರವಣದಲ್ಲಿ ಮಾತ್ರ ಅಧಿಕಾರ.

ಕ್ಷೇತ್ರಪರಿಚಯವನ್ನು ಚುಟುಕಾಗಿ ಮುಗಿಸೋಣ. 1508ರಲ್ಲಿ ಹ್ವಾನ್ ಪೊನ್ಸೆ ದೆ ಲಿಯೊನ್ ಎಂಬ ಸ್ಪೇನಿನ ದಂಡನಾಯಕ ಕಪರ್ರಾ ಎಂಬಲ್ಲಿ ಊರು ಕಟ್ಟಿಸಿದ. ಅದು ಬಂದರಿನಿಂದ ದೂರ, ಜೌಗು ಬೇರೆ. ಬೇಸತ್ತ ಜನ 1521ರ ಹೊತ್ತಿಗೆ ಕೊಲ್ಲಿಯ ಬಾಯಲ್ಲಿದ್ದ ನಡುಗಡ್ಡೆಗೆ ಗಂಟುಮೂಟೆ ಸಾಗಿಸಿದರು. ಬೇಡ ಬೇಡ ಎಂದವನು ಪೊನ್ಸೆ. ಅದೇ ವರ್ಷ ಫ್ಲಾರಿಡಾದಲ್ಲಿ ಬಾಣದ ಪೆಟ್ಟು ತಿಂದು ಹವಾನಾದಲ್ಲಿ ಸತ್ತ. ಈಗ ಅವನ ಅಮೃತಶಿಲೆಯ ಸಮಾಧಿ ಇರುವುದು ಅವನು ಬೇಡವೆಂದ ಊರಿನ ಕೆಥೆಡ್ರಲ್‌ನಲ್ಲೇ. ಅಲ್ಲಿ ತಿನ್ನಲು ಏನೂ ಕೊಡದ ಕಾರಣ ತಂಡಗಳು ಹೆಚ್ಚು ಹೊತ್ತು ನಿಲ್ಲುವುದಿಲ್ಲ.

ಇನ್ನು ಪ್ರಮಾಣವಿಚಾರ. ಪ್ರತ್ಯಕ್ಷ, ಅನುಮಾನ, ಉಪಮಾನ, ಶಬ್ದ ಎಂದು ನೈಯಾಯಿಕರು ನಾಲ್ಕಕ್ಕೆ ನಿಲ್ಲಿಸಿದರು. ಮೀಮಾಂಸಕರಲ್ಲಿ ಭಾಟ್ಟರು ಇನ್ನೆರಡು ಸೇರಿಸಿದರು. ಪೌರಾಣಿಕರು ಮಾತ್ರ ದೂರದೃಷ್ಟಿಯಿಂದ ಐತಿಹ್ಯ ಎಂಬುದನ್ನೂ ಒಪ್ಪಿಕೊಂಡರು. ಮೊದಲು ಹೇಳಿದವರು ಯಾರೋ ತಿಳಿಯದು, ಎಲ್ಲರೂ ಹೇಳುತ್ತಾರೆ, ಆದ್ದರಿಂದ ನಿಜ. ಈ ಆಲದ ಮರದಲ್ಲಿ ಯಕ್ಷನಿದ್ದಾನೆ ಎಂಬುದು ಪಾಠಶಾಲೆಗಳಲ್ಲಿ ಇದಕ್ಕೆ ಕೊಡುವ ಉದಾಹರಣೆ. ಹಾಗಾದರೆ ಸ್ಯಾನ್ ಹ್ವಾನ್‌ನಲ್ಲಿ ಯಕ್ಷ ಎಲ್ಲಿರಬೇಕು? ಸಾನ್ ಕ್ರಿಸ್ತೋಬಾಲ್ ಕೋಟೆಯ ಬುಡದಲ್ಲಿ, ಸಮುದ್ರಕ್ಕೆ ಚಾಚಿದ ಬಂಡೆಯ ಮೇಲೆ ಒಂಟಿಯಾಗಿ ನಿಂತ ಕಾವಲುಗೂಡಿನಲ್ಲಿ. ಅದಕ್ಕೆ ಸೈತಾನನ ಗೂಡೆಂದೇ ಹೆಸರು. ರಾತ್ರಿ ಪಾಳಿಗೆ ಹೋದ ಸಿಪಾಯಿ ಬೆಳಗಾಗುವಷ್ಟರಲ್ಲಿ ಮಾಯ. ಬಂದೂಕು, ಅಂಗಿ ಮಾತ್ರ ಬಿದ್ದಿದ್ದವು. ಸೈತಾನ ಒಯ್ದನೆಂದು ಒಂದು ಪಾಠ. ಊರಿನ ಹುಡುಗಿಯ ಜೊತೆ ಗುಡ್ಡಗಾಡಿಗೆ ಓಡಿಹೋಗಿ ಸಂಸಾರ ಹೂಡಿದನೆಂದು ಇನ್ನೊಂದು. ಗೈಡ್ ಮೊದಲ ಪಾಠವನ್ನು ಗಟ್ಟಿಯಾಗಿ, ಎರಡನೆಯದನ್ನು ನಗುತ್ತ ಹೇಳುತ್ತಾರೆ. ಕೇಳುವವರ ಕೈಯಲ್ಲಿ ಆಗಲೇ ಬಿಸಿ ವಡೆಯಂಥದ್ದೇನೋ ಇರುವುದರಿಂದ ಎರಡೂ ಒಟ್ಟಿಗೆ ಒಳಗಿಳಿಯುತ್ತವೆ. ಇದರಿಂದ ನಮ್ಮ ಪ್ರಥಮ ಸೂತ್ರ: ನಡೆದಷ್ಟು ಹಸಿವು, ಹಸಿದಷ್ಟು ನಂಬಿಕೆ.

ಕಾಲಡಿಯ ರಸ್ತೆಯೂ ಐತಿಹ್ಯಕ್ಕೆ ಹೊರತಲ್ಲ. ಮಳೆ ಬಿದ್ದಾಗ ಹೊಳೆಯುವ ನೀಲಿ ಕಲ್ಲಿಟ್ಟಿಗೆಗಳು ಅಲ್ಲಿಯವು. ಕುಲುಮೆಯ ಕಬ್ಬಿಣದ ಕಿಟ್ಟವನ್ನು ಎರಕ ಹೊಯ್ದು ಮಾಡಿದವು. ಖಾಲಿ ಹಡಗು ಓಲಾಡದಿರಲೆಂದು ಅದರ ಹೊಟ್ಟೆಗೆ ತುಂಬಿ ತಂದದ್ದೆಂದು ಗೈಡುಗಳೆಲ್ಲ ಹೇಳುತ್ತಾರೆ. ಹಡಗಿಗೂ ಹೊಟ್ಟೆ ಖಾಲಿಯಿದ್ದರೆ ನಡೆಯದು ಎಂಬಷ್ಟನ್ನು ಮಾತ್ರ ನಾವಿಲ್ಲಿ ಗುರುತು ಹಾಕಿಕೊಂಡು ಮುಂದೆ ಹೋಗುತ್ತೇವೆ.

ಈಗ ಸಿದ್ಧಾಂತಕ್ಕೆ ಬರೋಣ. ಈ ನಗರವನ್ನು ಕಾಯ್ದದ್ದು ಎಲ್ ಮೊರ್ರೊ ಕೋಟೆ, ಅದರ ದಪ್ಪ ಗೋಡೆ, ಅದರ ಫಿರಂಗಿ ಎಂದು ಪೂರ್ವಪಕ್ಷ, ಅಂದರೆ ಎದುರಾಳಿಯ ವಾದ. 1983ರಲ್ಲಿ ಯುನೆಸ್ಕೊ ಕೂಡ ಆ ಗೋಡೆಗಳನ್ನೇ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ನಾವು ಒಪ್ಪುವುದಿಲ್ಲ. ಕಾಯ್ದದ್ದು ಹೊಟ್ಟೆ. ಇದಕ್ಕೆ ಉದರಕಾರಣವಾದ ಎಂದು ಹೆಸರಿಟ್ಟಿದ್ದೇವೆ. ಬೇರೆ ಯಾರೂ ಇಡದ ಕಾರಣ ಹಕ್ಕು ನಮ್ಮದೇ.

ದೃಷ್ಟಾಂತ ನೋಡಿ. 1595ರ ನವೆಂಬರಿನಲ್ಲಿ ಇಂಗ್ಲೆಂಡಿನ ಫ್ರಾನ್ಸಿಸ್ ಡ್ರೇಕ್ ಈ ಬಂದರಿನ ಬೆಳ್ಳಿಗಾಗಿ ಬಂದು ಲಂಗರು ಹಾಕಿದ. ಸಂಜೆಯಾಯಿತು, ಊಟಕ್ಕೆ ಕೂತ. ದಡದಿಂದ ಹಾರಿದ ಗುಂಡೊಂದು ಕ್ಯಾಬಿನ್ನಿನ ಗೋಡೆ ತೂರಿ ಬಂದು ಅವನು ಕೂತ ಸ್ಟೂಲನ್ನೇ ಎಗರಿಸಿತು. ಅವನಿಗೇನೂ ಆಗಲಿಲ್ಲ, ಜೊತೆಗಿದ್ದ ಇಬ್ಬರು ಅಧಿಕಾರಿಗಳು ಆ ಪೆಟ್ಟಿನಿಂದ ಸತ್ತರು. ಪರವೂರಲ್ಲಿ ದೀಪ ಹಚ್ಚಿಕೊಂಡು ಊಟಕ್ಕೆ ಕೂರುವವರು ಇದನ್ನು ನೆನಪಿಡಬೇಕು. ಎರಡು ತಿಂಗಳ ಮೇಲೆ, 1596ರ ಜನವರಿಯಲ್ಲಿ, ಪನಾಮದ ಕರಾವಳಿಯಲ್ಲಿ ಅವನು ಸತ್ತದ್ದು ಯಾವುದರಿಂದ? ರಕ್ತಭೇದಿಯಿಂದ. 1598ರಲ್ಲಿ ಕಂಬರ್‌ಲ್ಯಾಂಡಿನ ಅರ್ಲ್ ಬಂದ. ಇವನು ಜಾಣ, ಭೂಮಿಯ ಕಡೆಯಿಂದ ಬಂದು ಎಲ್ ಮೊರ್ರೊವನ್ನು ಹಿಡಿದೇಬಿಟ್ಟ. ಗೋಡೆ ಸೋತಿತು, ಫಿರಂಗಿ ಸೋತಿತು, ಊರು ಅವನದಾಯಿತು. ಕೆಲವೇ ವಾರಗಳಲ್ಲಿ ಅವನ ಸೈನಿಕರು ಭೇದಿಯಲ್ಲಿ ಸಾಲುಸಾಲಾಗಿ ಮಲಗಿದರು. ಅರ್ಲ್ ಊರನ್ನು ಅದರ ಪಾಡಿಗೆ ಬಿಟ್ಟು ಹಡಗು ಹತ್ತಿದ. ಯಾವ ಕೋಟೆ ಇಷ್ಟು ಚೊಕ್ಕವಾಗಿ ಶತ್ರುವನ್ನು ಹೊರಗೆ ಹಾಕಿದೆ, ಹೇಳಿ? ಆದರೂ ಭೇದಿ ತಂದ ಆ ಸೂಕ್ಷ್ಮಜೀವಿಗೆ ಊರಲ್ಲಿ ಒಂದು ಪ್ರತಿಮೆಯಿಲ್ಲ. ಸಾನ್ ಹೊಸೆ ಚರ್ಚಿನ ಮುಂದೆ ಪೊನ್ಸೆಯ ಪ್ರತಿಮೆ ಮಾತ್ರ ಇದೆ, 1797ರಲ್ಲಿ ಊರಿಗೆ ಮುತ್ತಿಗೆ ಹಾಕಿ ಸೋತ ಬ್ರಿಟಿಷರ ಫಿರಂಗಿ ಕರಗಿಸಿ ಮಾಡಿದ್ದಂತೆ. 1625ರಲ್ಲಿ ಬಂದ ಡಚ್ಚರಿಗೆ ಹೊಟ್ಟೆ ಕೆಡಲಿಲ್ಲವೆಂದು ಕಾಣುತ್ತದೆ. ಕೋಟೆ ಬಗ್ಗದ ಸಿಟ್ಟಿಗೆ ಊರಿಗೆ ಬೆಂಕಿಯಿಟ್ಟರು, ಕವಿಯೂ ಬಿಷಪ್ಪನೂ ಆಗಿದ್ದ ಬಾಲ್‌ಬುಯೆನಾನ ಪುಸ್ತಕಭಂಡಾರವನ್ನು ಸುಟ್ಟರು. ನಮ್ಮ ವಾದಕ್ಕೆ ಒಗ್ಗದ ಈ ಪ್ರಸಂಗವನ್ನು ವಿದ್ವತ್ ಪರಂಪರೆಗೆ ಅನುಸಾರವಾಗಿ ಅಪವಾದವೆಂದು ಬದಿಗಿಟ್ಟಿದ್ದೇವೆ.

ನಡಿಗೆ ಸಾಮಾನ್ಯವಾಗಿ ಕಾಫಿಯಿಂದ ತೊಡಗುತ್ತದೆ, ಜೊತೆಗೆ ಮಯೋರ್ಕಾ ಎಂಬ ಸುರುಳಿ ಬನ್ನು. ಅದನ್ನು ಸೀಳಿ, ಒಳಗೆ ಹಂದಿಮಾಂಸವನ್ನೂ ಚೀಸನ್ನೂ ಇಟ್ಟು, ಕಾವಲಿಯ ಮೇಲೆ ಒತ್ತಿ, ಮೇಲೆ ಸಕ್ಕರೆಪುಡಿ ಉದುರಿಸುತ್ತಾರೆ. ಉಪ್ಪಿನದೋ ಸಿಹಿಯದೋ ಎಂಬ ಜಿಜ್ಞಾಸೆ ಬಾಯಿಗೆ ಹೋಗುವವರೆಗೆ ಮಾತ್ರ. ಆಮೇಲಿನ ಚರ್ಚೆಯೆಲ್ಲ ಕಪ್ಪು ಅಂಗಿ ಹಾಕಿಕೊಂಡು ಬಂದವರ ಎದೆಯ ಮೇಲೆ ಬಿದ್ದ ಬಿಳಿಪುಡಿಯ ಬಗ್ಗೆ.

ನಮ್ಮ ಶಾಸ್ತ್ರದ ಮುಖ್ಯ ಅಧಿಕರಣ ಮೊಫೊಂಗೊ ಎಂಬ ಬಾಳೆಕಾಯಿ ತಿನಿಸು. ಇದನ್ನು ಕೇಳಿ ತಿಳಿಯುವಂತಿಲ್ಲ, ಕುಟ್ಟಿ ತಿಳಿಯಬೇಕು. ಅದಕ್ಕೇ ಕೆಲವು ತಂಡಗಳಲ್ಲಿ ಪ್ರತಿಯೊಬ್ಬರ ಮುಂದೆಯೂ ಪಿಲೋನ್ ಎಂಬ ಮರದ ಒರಳನ್ನೂ ಗಿಡ್ಡ ಒನಕೆಯನ್ನೂ ಇಡುತ್ತಾರೆ. ಒಳಗೆ ಬೆಳ್ಳುಳ್ಳಿ, ಉಪ್ಪು, ಎಣ್ಣೆ ಮೊದಲು ಅರೆಯಬೇಕು. ಆಮೇಲೆ ಆಗತಾನೆ ಕರಿದ ಹಸಿ ಬಾಳೆಕಾಯಿಯ ಹೋಳುಗಳು ಬೀಳುತ್ತವೆ. ಬಿಸಿಯಿರುವಾಗಲೇ ಕುಟ್ಟಬೇಕು, ಆರಿತೋ, ಹೋಳು ಕಲ್ಲಾಗಿ ಒನಕೆಯಡಿಯಿಂದ ಚಿಮ್ಮಿ ಪಕ್ಕದವರ ಕನ್ನಡಕಕ್ಕೆ ಬಡಿಯುತ್ತದೆ. ಹಂದಿಯ ಗರಿಗರಿ ಕರಿದ ಚರ್ಮವನ್ನು ಕೊನೆಗೆ ಸೇರಿಸುತ್ತಾರೆ. ಸಸ್ಯಾಹಾರಿ ಎಂದವರಿಗೆ ಅದನ್ನು ಬಿಟ್ಟು ಬೆಳ್ಳುಳ್ಳಿಯನ್ನೇ ಇಮ್ಮಡಿಸುತ್ತಾರೆ, ಜೊತೆಗೊಂದು ಅನುಕಂಪದ ನೋಟ ಉಚಿತ. ಒರಳು ಮಗುಚಿದರೆ ತಟ್ಟೆಯಲ್ಲಿ ಗುಮ್ಮಟದಂತೆ ಕೂರುತ್ತದೆ, ಬದಿಗೆ ಸಾರಿನ ಬಟ್ಟಲು. ಬೆರಳಿಗೆ ಮೆತ್ತಿದ ಬೆಳ್ಳುಳ್ಳಿ ವಾಸನೆ ಮಾತ್ರ ಸಂಜೆಯವರೆಗೂ ಅಲ್ಲೇ.

ಈ ಕುಟ್ಟುವಿಕೆ ಆಫ್ರಿಕದಿಂದ ಬಂದದ್ದು. ಅಲ್ಲಿನ ಫುಫು ಇದರ ಹಿರಿಯ. ತಂದವರು ತಮ್ಮಿಚ್ಛೆಯಿಂದ ತಂದವರಲ್ಲ. ಈ ದ್ವೀಪದಲ್ಲಿ ಗುಲಾಮಗಿರಿ ನಿಂತದ್ದು 1873ರ ಮಾರ್ಚ್ 22ರಂದು. ಮುಂದಿನ ಅಂಗಡಿಯಲ್ಲಿ ಹಿಟ್ಟಿನಲ್ಲಿ ಕಲಸಿ ಕರಿದು ಕೊಡುವ ತೆಳ್ಳನೆಯ ಬಕಲಾಯಿತೊ ಇದೆಯಲ್ಲ, ಅದರೊಳಗಿನ ಉಪ್ಪಿನ ಕಾಡ್ ಮೀನು ಉತ್ತರ ಅಟ್ಲಾಂಟಿಕ್ಕಿನದು. ಸುತ್ತಲೂ ಮೀನಿರುವ ದ್ವೀಪಕ್ಕೆ ಅಷ್ಟು ದೂರದ ಒಣಮೀನು ಏಕೆ ಬಂತು? ಕಬ್ಬಿನ ಗದ್ದೆಯಲ್ಲಿ ದುಡಿಯುವ ಗುಲಾಮರನ್ನು ಮೀನು ಹಿಡಿಯಲು ಬಿಟ್ಟರೆ ಕೆಲಸ ಕೆಡುತ್ತದೆ. ಕೆಡದ ಅಗ್ಗದ ಮೀನನ್ನು ಪೀಪಾಯಿಯಲ್ಲಿ ತರಿಸಿ ಅಳೆದು ಕೊಟ್ಟರೆ ಲೆಕ್ಕ ಸರಿಹೋಗುತ್ತದೆ. ಉದರಕಾರಣವಾದದಲ್ಲಿ ಇದಕ್ಕಿಂತ ಗಟ್ಟಿ ಪ್ರಮಾಣ ಬೇರೆ ಸಿಗಲಿಲ್ಲ. ಬಕಲಾಯಿತೊವನ್ನು ಎಣ್ಣೆ ಹೀರುವ ಕಾಗದದಲ್ಲಿ ಸುತ್ತಿ ಕೊಡುತ್ತಾರೆ. ಗರಿಗರಿಯಾಗಿರುತ್ತದೆ, ಎಲ್ಲರೂ ಇನ್ನೊಂದು ಕೇಳುತ್ತಾರೆ.

ಅನ್ನದ ಅಧಿಕರಣದಲ್ಲಿ ಒಂದು ಗಡಿವಿವಾದವಿದೆ. ಇಲ್ಲಿಯ ಹಬ್ಬದಡುಗೆ ಅರೋಸ್ ಕೊನ್ ಗಂಡೂಲೆಸ್. ಕ್ರಿಸ್‌ಮಸ್ಸಿಗೆ ಇದಿಲ್ಲದೆ ಎಲೆ ಹಾಕುವಂತಿಲ್ಲ. ತಟ್ಟೆಯ ಮೇಲೆ ಬಗ್ಗಿ ನೋಡಿದರೆ ಹಳದಿ ಅನ್ನದ ನಡುವೆ ಹಸುರು ಕಾಳು: ಹಸಿ ತೊಗರಿ, ಬೇರೇನಲ್ಲ! ತಂಡದಲ್ಲಿ ಕಲಬುರಗಿಯವರೊಬ್ಬರು ಇದ್ದಾರೆಂದು ಊಹಿಸಿಕೊಳ್ಳಿ. “ಇದು ನಮ್ಮ ತೊಗರಿನೇ ಅದ ನೋಡ್ರಿ, 2019ರಾಗ ಜಿಐ ಟ್ಯಾಗ್ ಬಂದದ” ಎಂದು ಅವರ ಪೂರ್ವಪಕ್ಷ. ತೊಗರಿಯ ತವರು ಭಾರತವೆಂಬುದು ಸಸ್ಯಶಾಸ್ತ್ರಕ್ಕೂ ಸಮ್ಮತವೇ. ಆದರೆ ಅದು ಆಫ್ರಿಕಕ್ಕೆ ದಾಟಿ, ಅಲ್ಲಿಂದ ಸೆರೆಯಾಳುಗಳ ಹಡಗುಗಳ ದಾರಿಯಲ್ಲೇ ಅಟ್ಲಾಂಟಿಕ್ ದಾಟಿತು. ಜಿಐ ಟ್ಯಾಗಿಗೆ ಅಷ್ಟು ದೂರ ಈಜಲು ಬರುವುದಿಲ್ಲ. ಇನ್ನು ಸ್ಥಳೀಯತೆಯ ಲೆಕ್ಕ ಬಿಗಿ ಮಾಡಿದರೆ ತಟ್ಟೆ ಖಾಲಿಯಾದೀತು. ಅಕ್ಕಿ ಏಷ್ಯದ್ದು, ಹಂದಿ ಬೆಳ್ಳುಳ್ಳಿ ಸ್ಪೇನಿನವರು ತಂದದ್ದು, ಬಾಳೆಯೂ ಏಷ್ಯದ್ದೇ. ಮೂಲನಿವಾಸಿ ತಾಯಿನೊ ಜನರ ಪಾಲಿಗೆ ಉಳಿಯುವುದು ಬಣ್ಣಕ್ಕೆ ಹಾಕಿದ ರಂಗುಮಾಲೆ ಬೀಜ, ಒಗ್ಗರಣೆಯ ಸಿಹಿ ಮೆಣಸಿನಕಾಯಿ, ಮತ್ತೆ ವಿಷದ ರಸ ಹಿಂಡಿ ತೆಗೆದು ಮರಗೆಣಸಿನಿಂದ ತಟ್ಟುತ್ತಿದ್ದ ರೊಟ್ಟಿ. ಆ ರೊಟ್ಟಿ ನಡಿಗೆಯ ತಟ್ಟೆಗೆ ಅಪರೂಪಕ್ಕೆ ಬರುತ್ತದೆ. ಕಲಬುರಗಿ ವಾದಿಯನ್ನು ಸಮಾಧಾನಪಡಿಸಲು ಪಾತ್ರೆಯ ತಳ ಹಿಡಿದ ಅನ್ನವನ್ನು ಕೆರೆದು ಬಡಿಸಬಹುದು. ನಮ್ಮ ಮನೆಗಳಲ್ಲಿ ಅಡುಗೆಯವರು ಬೈಸಿಕೊಳ್ಳುವ ಆ ಸೀದ ಪದರಕ್ಕೆ ಅಲ್ಲಿ ಪೆಗಾವೊ ಎಂದು ಹೆಸರು, ಪಾಲಿಗೆ ಜಗಳ.

ಇಷ್ಟೆಲ್ಲ “ಲೋಕಲ್” ಎಂದು ಬಡಿಸುವ ದ್ವೀಪ ತಿನ್ನುವುದರಲ್ಲಿ ಶೇಕಡಾ 80ಕ್ಕೂ ಹೆಚ್ಚು ಹೊರಗಿನಿಂದ ಬರುತ್ತದೆ. 1898ರಿಂದ ಇದು ಅಮೆರಿಕದ ಕೈಯಲ್ಲಿದೆ, ಹಾಗಾಗಿ ಇಲ್ಲಿಯ ಬಂದರೂ ಅಮೆರಿಕದ್ದೇ ಲೆಕ್ಕ. 1920ರ ಜೋನ್ಸ್ ಕಾಯಿದೆಯ ಪ್ರಕಾರ ಅಮೆರಿಕದ ಒಂದು ಬಂದರಿನಿಂದ ಇನ್ನೊಂದಕ್ಕೆ ಸರಕು ಸಾಗಿಸುವ ಹಡಗು ಅಮೆರಿಕದಲ್ಲೇ ಕಟ್ಟಿದ್ದಾಗಿರಬೇಕು, ಅಮೆರಿಕದವರದೇ ಆಗಿರಬೇಕು, ಸಿಬ್ಬಂದಿಯೂ ಅಲ್ಲಿಯವರೇ ಇರಬೇಕು. 2017ರ ಸೆಪ್ಟೆಂಬರಿನಲ್ಲಿ ಮರಿಯಾ ಚಂಡಮಾರುತ ಬೆಟ್ಟದ ಕಾಫಿ ತೋಟಗಳನ್ನೂ ಬಾಳೆ ತೋಟಗಳನ್ನೂ ಮಲಗಿಸಿದಾಗ ಹಡಗಿನ ದಾರಿ ಕಾಯುವುದೇ ಊರಿನ ಅಡುಗೆಯಾಯಿತು. ನಡಿಗೆಯಲ್ಲಿ ಈ ವಿಷಯ ಬಂದಾಗ ಗೈಡಿನ ದನಿ ಒಂದು ಮೆಟ್ಟಿಲು ಇಳಿಯುತ್ತದೆ. ಐತಿಹ್ಯವಲ್ಲದ ಮಾತು ಅಂದಿಗೆ ಅದೊಂದೇ ಇದ್ದೀತು.

ಪಾನೀಯ ಪ್ರಕರಣದಲ್ಲಿ ಮತತ್ರಯ. ಅನಾನಸು, ತೆಂಗಿನ ಕೆನೆ, ರಮ್ ಕೂಡಿಸಿದ ಪಿನ್ಯಾ ಕೊಲಾಡಾ 1978ರಿಂದ ಇಲ್ಲಿಯ ಅಧಿಕೃತ ಪಾನೀಯ. ಸೃಷ್ಟಿಕರ್ತ ಯಾರೆಂಬುದರಲ್ಲಿ ಮಾತ್ರ ಒಮ್ಮತವಿಲ್ಲ. 1954ರಲ್ಲಿ ಕರೀಬೆ ಹಿಲ್ಟನ್ ಹೋಟೆಲಿನ ರಮೋನ್ ಮರ್ರೇರೊ ಎಂದು ಒಂದು ಮತ. 1963ರಲ್ಲಿ ಬರ್ರಾಚಿನಾ ರೆಸ್ಟೊರಾಂಟಿನ ರಮೋನ್ ಪೋರ್ತಾಸ್ ಮಿಂಗೋತ್ ಎಂದು ಎರಡನೆಯದು. ಇವರ ಪರವಾಗಿ ಫೋರ್ತಲೇಸಾ ಬೀದಿಯ ಗೋಡೆಯಲ್ಲಿ ಶಿಲಾಶಾಸನವೇ ಇದೆ. ಹಿಲ್ಟನ್ ಇರುವುದು ಹಳೇ ಕೋಟೆಗೋಡೆಯ ಆಚೆಗಾದ್ದರಿಂದ ಕಾಲು ಸೋತ ತಂಡ ಸಹಜವಾಗಿ ಶಾಸನದ ಕಡೆಗೇ ವಾಲುತ್ತದೆ. 1825ರಲ್ಲಿ ಗುಂಡಿಕ್ಕಿ ಕೊಂದ ಕಡಲ್ಗಳ್ಳ ಕೊಫ್ರೆಸಿ ತನ್ನ ಹುಡುಗರಿಗೆ ಇದನ್ನೇ ಕುಡಿಸುತ್ತಿದ್ದನೆಂದು ಮೂರನೆಯವರು. ಅವನ ಹಡಗಿನಲ್ಲಿ ಐಸ್ ಎಲ್ಲಿತ್ತೆಂದು ಕೇಳಿದರೆ ಅವರು ಇನ್ನೊಂದು ಗ್ಲಾಸ್ ತರಿಸುತ್ತಾರೆ. ಈ ಪಾನೀಯಕ್ಕೆ ಬೇಕಾದ ಡಬ್ಬಿಯ ತೆಂಗಿನ ಕೆನೆಯನ್ನು ಹದಕ್ಕೆ ತಂದವರು ರಮೋನ್ ಲೋಪೆಸ್ ಇರಿಸಾರ್ರಿ. ಕಡಲ್ಗಳ್ಳನೊಬ್ಬನನ್ನು ಬಿಟ್ಟರೆ ಎಲ್ಲರೂ ರಮೋನರೇ. ಆದಕಾರಣ “ಇದನ್ನು ಮಾಡಿದವರು ರಮೋನ್” ಎಂದು ಹೇಳಿ ಸುಮ್ಮನಾಗುವ ಗೈಡನ್ನು ಯಾವ ಪೀಠದವರೂ ಖಂಡಿಸಲಾರರು.

ಕೊನೆಯದು ದಕ್ಷಿಣಾಪ್ರಕರಣ. ಮುಂಗಡ ಕಟ್ಟಿದ ಹಣದಲ್ಲಿ ತಿಂಡಿ ಸೇರಿದೆ, ಟಿಪ್ಸ್ ಸೇರಿಲ್ಲ. ಎಲ್ಲವೂ ಸೇರಿದೆಯೆಂದೇ ತಿಳಿದಿದ್ದೆವು ಎಂಬ ಪೂರ್ವಪಕ್ಷವನ್ನು ಎಲ್ಲ ತಂಡಗಳಲ್ಲೂ ಯಾರಾದರೊಬ್ಬರು ಎತ್ತುತ್ತಾರೆ, ನಿಲ್ಲುವುದಿಲ್ಲ. ಶೇಕಡಾ 15ರಿಂದ 20ರವರೆಗೆ ಶಿಷ್ಟಾಚಾರ. 20 ಕೊಡುವುದು ಉದಾರತೆಯಿಂದಲ್ಲ, ಗಣಿತದಿಂದ: ಹತ್ತರಿಂದ ಭಾಗಿಸಿ ಎರಡರಿಂದ ಗುಣಿಸಿದರಾಯಿತು. 18 ಎಂದು ಕರಾರುವಾಕ್ಕಾಗಿ ಲೆಕ್ಕ ಹಾಕಿ ಚಿಲ್ಲರೆ ಸಮೇತ ಎಣಿಸಿಕೊಡುವವನು ಕಂಡರೆ, ಹೊಗೆಯಿಂದ ಬೆಂಕಿಯನ್ನು ಊಹಿಸಿದ ಹಾಗೆ, ಅವನ ಗ್ಲಾಸಿನಲ್ಲಿದ್ದದ್ದು ಬರೀ ಅನಾನಸಿನ ರಸವೆಂದು ತಿಳಿಯತಕ್ಕದ್ದು.