ಗೇಟು ಎತ್ತದೆ ಹೊರಹರಿವು

ಮಳೆಗಾಲ ಬಂತೆಂದರೆ ನಮ್ಮ ಕಡೆ ಪೇಪರ್ ಓದುವ ಕ್ರಮವೇ ಬೇರೆ. ಮೊದಲು ಒಳಹರಿವು, ಆಮೇಲೆ ಹೊರಹರಿವು, ಅದಾದ ಮೇಲೆ ದೇಶ. ಕಣಕುಂಬಿಯಲ್ಲಿ ಮಳೆ ಹಿಡಿಯಿತೋ ಇಲ್ಲವೋ, ನವಿಲುತೀರ್ಥದ ಡ್ಯಾಮಿಗೆ ನೀರು ಎಷ್ಟು ಏರಿತು, 2079.50 ಅಡಿ ಮುಟ್ಟಲು ಇನ್ನೆಷ್ಟು ಬಾಕಿ, ಇದನ್ನು ಚಹಾದ ಅಂಗಡಿಯಲ್ಲಿ ಬಾಯಿಪಾಠ ಒಪ್ಪಿಸದವನು ಮುನವಳ್ಳಿ ಸುತ್ತಿನವನೇ ಅಲ್ಲ. 2009ರಲ್ಲಿ ನಮ್ಮ ಮನೆಯ ಕಂಪ್ಯೂಟರಿಗೆ ರೋಗ ಬಂದದ್ದನ್ನು ನಾನು ಹಿಡಿದದ್ದು ಈ ಡ್ಯಾಮಿನ ಲೆಕ್ಕದಿಂದಲೇ.

ಆ ವಾರ ಕಂಪ್ಯೂಟರಿಗೆ ಒಳಹರಿವು ಇರಲೇ ಇಲ್ಲ. ‘ನುಡಿ’ ತಂತ್ರಾಂಶದಲ್ಲಿ ಒಂದೂವರೆ ಪುಟದ ಪತ್ರ ಬರೆದದ್ದು ಬಿಟ್ಟರೆ ನಾನು ಏನೂ ಮಾಡಿರಲಿಲ್ಲ. ಆದರೂ ಫೋಲ್ಡರ್‌ಗಳು ಹೆಚ್ಚುತ್ತಿದ್ದವು. ‘ಪತ್ರಗಳು’ ತೆಗೆದರೆ ಒಳಗೆ ಇನ್ನೊಂದು ‘ಪತ್ರಗಳು’. ‘ಮದುವೆ ಫೋಟೋ’ದ ಹೊಟ್ಟೆಯಲ್ಲಿ ಮತ್ತೊಂದು ‘ಮದುವೆ ಫೋಟೋ’. ಸಾಲದ್ದಕ್ಕೆ, ರಾತ್ರಿ ನೀರು ಕುಡಿಯಲು ಎದ್ದಾಗ ನೋಡಿದರೆ ಆರಿಸಲು ಮರೆತ ಕಂಪ್ಯೂಟರಿನ ಪಕ್ಕದಲ್ಲಿ ಮೋಡೆಮ್ಮಿನ ಹಸಿರು ದೀಪ ಪಿಳಿಪಿಳಿ ಎನ್ನುತ್ತಿತ್ತು. ಮನೆಯವರೆಲ್ಲ ಮಲಗಿದ್ದಾರೆ, ಗೇಟು ಎತ್ತಿದವರಿಲ್ಲ, ಆದರೂ ಹೊರಹರಿವು! ಡ್ಯಾಮಿನಲ್ಲಿ ಹೀಗಾದರೆ ಗೋಡೆಯಲ್ಲಿ ಬಿರುಕಿದೆ ಎಂದು ಅರ್ಥ. ತಿಂಗಳ ಕೊನೆಗೆ ಬಂದ ಬಿಲ್ಲು ಆ ಬಿರುಕಿನ ಅಗಲವನ್ನು ರೂಪಾಯಿ ಪೈಸೆಯಲ್ಲಿ ಅಳೆದು ಕೊಟ್ಟಿತು.

ಬೆಳಿಗ್ಗೆ ಮೂರು ಗುಂಡಿ ಒಟ್ಟಿಗೆ ಒತ್ತಿ, ಒಳಗೆ ಯಾರು ಯಾರು ಕೆಲಸದಲ್ಲಿದ್ದಾರೆ ಎಂದು ಹಾಜರಿ ತೆಗೆದುಕೊಳ್ಳಲು ಹೋದೆ. ‘ಟಾಸ್ಕ್ ಮ್ಯಾನೇಜರನ್ನು ನಿಮ್ಮ ಅಡ್ಮಿನಿಸ್ಟ್ರೇಟರ್ ನಿಲ್ಲಿಸಿದ್ದಾರೆ’ ಎಂಬ ಅರ್ಥದ ಇಂಗ್ಲಿಷ್ ಫಲಕ ಬಂತು. ಈ ಮನೆಯಲ್ಲಿ ಆ ಹುದ್ದೆ ಯಾರದೆಂಬುದರಲ್ಲಿ ನನಗೆ ಎಂದೂ ಸಂಶಯವಿರಲಿಲ್ಲ. ಅಡಿಗೆಮನೆಯ ಬಾಗಿಲಿಗೆ ಹೋಗಿ ಮೆತ್ತಗೆ ಕೇಳಿದೆ.

“ನಾ ಬಂದ್ ಮಾಡೀನಂದ್ರ ಪೂರಾನ ಬಂದ್ ಮಾಡತಿದ್ದೆ, ಅರ್ಧಾ ಮಾಡ್ತಿದ್ದಿಲ್ಲರೀ” ಎಂದು ಉತ್ತರ ಬಂತು. ಆಕೆಯ ಕೈಯಲ್ಲಿ ಲಟ್ಟಣಿಗೆ ಇತ್ತು. ನಂಬಿದೆ.

ಬೈಲಹೊಂಗಲದಿಂದ ಸೋದರಳಿಯನನ್ನು ಕರೆಸಿದೆ. ಕಂಪ್ಯೂಟರ್ ಕಲಿಯುತ್ತಿದ್ದ ಹುಡುಗ. ಬಂದವನೇ ಒಂದು ಫೋಲ್ಡರಿನ ಮೇಲೆ ಬಲಗಡೆಯ ಗುಂಡಿ ಒತ್ತಿ ನಕ್ಕ. “ಮಾಮಾ, ಇದು ಫೋಲ್ಡರ್ ಅಲ್ಲ, ಫೋಲ್ಡರ್ ವೇಷ ಹಾಕೈತಿ. ಬಾಲ ನೋಡ್ರಿ, ಡಾಟ್ ಇಎಕ್ಸ್‌ಇ.” ಕಡತದ ಬಾಲವನ್ನು ಮುಚ್ಚಿಡುವುದು ವಿಂಡೋಸಿನ ಹುಟ್ಟುಗುಣವಂತೆ. ನವಿಲಿನ ಹೆಸರು ಹೊತ್ತ ಜಾಗದ ಮಗ್ಗುಲಲ್ಲಿದ್ದೂ ಬಾಲ ನೋಡದೆ ಮೋಸಹೋದೆನಲ್ಲ! ಆ ಬಾಲವಿದ್ದದ್ದು ತೆರೆಯುವ ವಸ್ತುವಲ್ಲ, ಓಡುವ ವಸ್ತು. ನಾನು ಎಷ್ಟು ಸಲ ಕ್ಲಿಕ್ ಮಾಡಿದ್ದೆನೋ ಅಷ್ಟು ಸಲ ಓಡಿತ್ತು.

ಅವನು ಔಷಧವನ್ನು ಸಿಡಿಯಲ್ಲಿ ತಂದಿದ್ದ. ಪೆನ್ ಡ್ರೈವ್ ಯಾಕಲ್ಲ ಎಂದರೆ, “ಅದನ್ನ ಚುಚ್ಚಿದ್ರ ಔಷಧಕ್ಕೂ ರೋಗ ಹತ್ತತೈತಿ. ಸಿಡಿಯೊಳಗ ಒಮ್ಮೆ ಬರದದ್ದು ಬರದದ್ದ, ಶಿಲಾಶಾಸನ ಇದ್ದಂಗ” ಎಂದ. ಮೊದಲು ನೆಟ್ಟಿನ ತಂತಿ ಕಿತ್ತ. ಆಮೇಲೆ ಎಫ್8 ಒತ್ತಿ ಸೇಫ್ ಮೋಡಿಗೆ ಇಳಿಸಿದ. ಪರದೆ ಕಪ್ಪಾಗಿ, ಅಕ್ಷರ ದಪ್ಪವಾಗಿ, ಬಣ್ಣಬೆಡಗೆಲ್ಲ ಹೋಗಿ ಸೂತಕದ ಮನೆಯಂತಾಯಿತು. ಒಗ್ಗರಣೆಯಿಲ್ಲ, ಹಾಡಿಲ್ಲ, ಜೀವ ಹಿಡಿಯಲು ಬೇಕಾದಷ್ಟೇ ಅಡಿಗೆ. ಈ ಬಡತನದಲ್ಲಿ ಕಳ್ಳನಿಗೂ ಎದ್ದು ಓಡಾಡಲು ಆಗುವುದಿಲ್ಲ ಎಂಬುದು ಉಪಾಯ.

ಕಳ್ಳನನ್ನು ಅಳಿಸಿದ. ಕಂಪ್ಯೂಟರ್ ಮತ್ತೆ ಹಚ್ಚಿದರೆ ಕಳ್ಳ ಮತ್ತೆ ಹಾಜರ್. ಆಗ ಹುಡುಗ ಹೇಳಿದ ಮಾತು ನನಗೆ ಎಷ್ಟು ಚೆನ್ನಾಗಿ ತಿಳಿಯಿತೆಂದರೆ, ಇಂಜಿನಿಯರಿಂಗ್ ಓದಿದವರಿಗೂ ಅಷ್ಟು ತಿಳಿದಿರಲಿಕ್ಕಿಲ್ಲ. ವಿಂಡೋಸಿನಲ್ಲಿ ರಿಜಿಸ್ಟ್ರಿ ಎಂದೊಂದಿದೆ. ಕಂಪ್ಯೂಟರ್ ಹಚ್ಚಿದ ಕೂಡಲೇ ಯಾರು ಯಾರು ತಾವಾಗಿ ಏಳಬೇಕೆಂಬ ಪಟ್ಟಿ ಅದರಲ್ಲಿರುತ್ತದೆ. ವೈರಸ್ಸು ಅಲ್ಲಿ ತನ್ನ ಹೆಸರು ಹತ್ತಿಸಿಬಿಟ್ಟಿತ್ತು. ಅಂದರೆ ಹೊಲದ ಪಹಣಿ, ನಮ್ಮ ಉತಾರ! ಹೊಲದಿಂದ ಮನುಷ್ಯನನ್ನು ಎಷ್ಟು ಸಲ ಹೊರಗೆ ಹಾಕಿದರೇನು, ಉತಾರದಲ್ಲಿ ಹೆಸರಿದ್ದರೆ ಮರುದಿನ ನೇಗಿಲು ಹೊತ್ತು ಬರುತ್ತಾನೆ. ಸವದತ್ತಿ ಕಚೇರಿಗೆ ಹನ್ನೊಂದು ವರ್ಷ ಅಲೆದವನಿಗೆ ಇದನ್ನು ಬಿಡಿಸಿ ಹೇಳಬೇಕೆ? ಹುಡುಗ ಮಾತ್ರ ಹೆಸರು ಕಡಿಮೆ ಮಾಡಿಸುವ ಕೆಲಸವನ್ನು ಚಹಾ ಆರುವುದರೊಳಗೆ ಮುಗಿಸಿದ. ಅರ್ಜಿಯಿಲ್ಲ, ಸಾಕ್ಷಿಯಿಲ್ಲ. ನನಗೆ ಸ್ವಲ್ಪ ಹೊಟ್ಟೆಕಿಚ್ಚೂ ಆಯಿತು.

ಆದರೆ ಮಗಳ ಮದುವೆಯ ಅಸಲಿ ಫೋಟೋಗಳೇ ಇಲ್ಲ! ನಮ್ಮಾಕಿ ಸೆರಗು ಬಾಯಿಗಿಟ್ಟುಕೊಂಡು ನಿಂತಳು. ಹುಡುಗ ಕಪ್ಪು ಕಿಟಕಿ ತೆರೆದು “ಅಟ್ರಿಬ್, ಮೈನಸ್ ಎಚ್, ಮೈನಸ್ ಎಸ್” ಎಂದು ಗುನುಗುತ್ತ ಏನೋ ಬರೆದ. ವೈರಸ್ಸು ಅಸಲಿಯನ್ನು ಅಳಿಸಿರಲಿಲ್ಲ, ಮರೆಮಾಡಿ ತಾನು ಆ ಹೆಸರಿನಲ್ಲಿ ಕೂತಿತ್ತು, ಅಷ್ಟೇ. ಹಿಡಕಲ್ ಜಲಾಶಯದಲ್ಲಿ ನೀರು ಇಳಿದಾಗ ಹುನ್ನೂರಿನ ವಿಠ್ಠಲನ ಗುಡಿ ಎದ್ದು ಬರುವ ಹಾಗೆ ಒಂದೊಂದೇ ಫೋಟೋ ಎದ್ದು ಬಂತು. ಮೊದಲು ಬಾಸಿಂಗ, ಆಮೇಲೆ ಅಳಿಯ, ಕೊನೆಗೆ ಪಂಕ್ತಿಯಲ್ಲಿ ಹೋಳಿಗೆಯ ಮೇಲೆ ಬಾಗಿದ ನಾನು.

ಉಪ್ಪಿಟ್ಟು ತಿನ್ನುತ್ತ ಹುಡುಗ ಇತಿಹಾಸ ಹೇಳಿದ. 1986ರಲ್ಲಿ ಲಾಹೋರಿನ ಬಾಸಿತ್ ಮತ್ತು ಅಮ್ಜದ್ ಫಾರೂಕ್ ಅಲ್ವಿ ಎಂಬ ಅಣ್ಣತಮ್ಮಂದಿರು ‘ಬ್ರೇನ್’ ಎಂಬ ವೈರಸ್ ಬರೆದರಂತೆ. ಅದರೊಳಗೇ ತಮ್ಮ ಹೆಸರು, ವಿಳಾಸ, ಫೋನ್ ನಂಬರು ಹಾಕಿ, ಲಸಿಕೆಗೆ ಸಂಪರ್ಕಿಸಿ ಎಂದೂ ಬರೆದಿದ್ದರಂತೆ. ಎಂಥ ಮರ್ಯಾದಸ್ಥರು! ನಮ್ಮ ಮನೆ ಹೊಕ್ಕದ್ದು ಒಂದು ಲಗ್ನಪತ್ರಿಕೆಯಷ್ಟೂ ವಿವರ ಕೊಟ್ಟಿರಲಿಲ್ಲ.

“ಇದನ್ನ ತಂದಾಂವ ಯಾಂವ?” ಎಂದು ತನಿಖೆಗಿಳಿದೆ. ಆರೋಪಿಗಳು ಬಹಳ. ಲಗ್ನಪತ್ರಿಕೆ ಮಾಡಿಕೊಟ್ಟ ಡಿಟಿಪಿ ಅಂಗಡಿ, ಎಲ್ಲಮ್ಮನ ಹಾಡು ಹಾಕಿಸಿಕೊಳ್ಳಲು ಬಂದ ಪಕ್ಕದ ಮನೆಯವ, ಪ್ರಾಜೆಕ್ಟ್ ಎಂದು ಬಂದ ಅವನ ಮಗ. ಮನೆಗೆ ಬಂದವರಿಗೆ ಕೈಕಾಲಿಗೆ ನೀರು ಕೊಡುವ ನಾವು, ಪೆನ್ ಡ್ರೈವಿಗೆ ಮಾತ್ರ ಬೇಡ ಎನ್ನುವುದು ಹೇಗೆ? ಆಗಿನ ವಿಂಡೋಸಂತೂ ನಮಗಿಂತ ಸತ್ಕಾರಶೀಲ. ಚುಚ್ಚಿದ್ದರಲ್ಲಿ ಆಟೋರನ್ ಚೀಟಿ ಇದ್ದರೆ ಹಿಂದೆಮುಂದೆ ನೋಡದೆ ಒಳಗೆ ಕರೆಯುತ್ತಿತ್ತು. ಆ ಸಡಗರಕ್ಕೆ ಮೈಕ್ರೋಸಾಫ್ಟಿನವರು ಕಡಿವಾಣ ಹಾಕಿದ್ದು 2011ಕ್ಕೆ.

ಹುಡುಗ ಕೈ ಒರೆಸಿಕೊಂಡು, “ಮಾಮಾ, ನಿಮ್ಮ ಕೀಲಿ ಗೊಂಚಲ ಕೊಡ್ರಿ” ಎಂದ. ಅದರಲ್ಲಿ ಟ್ರಂಕಿನ ಕೀಲಿ, ತಿಜೋರಿಯ ಕೀಲಿ, ನಡುವೆ ನನ್ನ ಪೆನ್ ಡ್ರೈವ್. ತನ್ನ ಲ್ಯಾಪ್‌ಟಾಪಿನ ಉಬುಂಟುವಿನಲ್ಲಿ ತೆರೆದು ತೋರಿಸಿದ. ರೋಗದ ತಾರೀಖು ನಮ್ಮ ಕಂಪ್ಯೂಟರಿನದಕ್ಕಿಂತ ಹದಿನೈದು ದಿನ ಹಿಂದಿನದು. ಆ ಹದಿನೈದು ದಿನದಲ್ಲಿ ನಾನು ಮದುವೆಯ ಫೋಟೋ ತೋರಿಸಲು ಅದನ್ನು ಕೊರಳಲ್ಲಿ ಕಟ್ಟಿಕೊಂಡವನಂತೆ ಕಿತ್ತೂರು, ಬೈಲಹೊಂಗಲ, ರಾಮದುರ್ಗ ಎಲ್ಲ ತಿರುಗಿ ಬಂದಿದ್ದೆ.

ಮುಂದಿನ ವಾರ ರಾಮದುರ್ಗದ ಬೀಗರ ಫೋನು. “ನಮ್ಮ ಕಂಪ್ಯೂಟರ್ ಹಿಂಗ್ಯಾಕ ಮಾಡಾಕತ್ತೈತ್ರಿ? ಫೋಲ್ಡರ್ ಮರಿ ಹಾಕಾಕತ್ತಾವ. ನಿಮ್ಮ ಸೋದರಳಿಯನ್ನ ಕರಕೊಂಡು ಬರ್ರಿ.” ಹೋದೆವು. ಸೂತಕ, ಉತಾರ, ಅಟ್ರಿಬ್ ಎಲ್ಲ ಸಾಂಗವಾಗಿ ನಡೆಯಿತು. ಹೋಳಿಗೆ ಬಡಿಸುತ್ತ ಬೀಗರು, “ಭಾಳ ಉಪಕಾರ ಆತ್ರಿ. ಆದ್ರ ಈ ಪೀಡಾ ನಮ್ಮನಿಗೆ ತಂದ ಹಾಕಿದಾಂವ ಯಾಂವಿದ್ದಾನು?” ಎಂದು ಕೇಳಿದರು.

ಹುಡುಗ ಜಂತಿ ಎಣಿಸುತ್ತಿದ್ದ. ನಾನು ಇಡೀ ಹೋಳಿಗೆಯನ್ನು ಒಮ್ಮೆಗೇ ಬಾಯಿಗೆ ತುರುಕಿಕೊಂಡು, ತುಪ್ಪ ಬೇಕೆಂದು ಸನ್ನೆ ಮಾಡಿದೆ.