ನಿಮ್ಮ ಬೆಟ್ಟ ಯಾವುದು?

ನಮ್ಮ ಮಾವ ಪಾಂಡವಪುರದ ಕಡೆಯವರು, ಹೆಡ್‌ಮಾಸ್ಟರಾಗಿ ರಿಟೈರ್ ಆದವರು. ಎದುರಿಗೆ ಯಾರೇ ಬರಲಿ, ನಮಸ್ಕಾರ ಆದ ಮೇಲೆ ಅವರ ಮೊದಲ ಪ್ರಶ್ನೆ, "ಯಾವೂರಾಯ್ತು?" ಎರಡನೆಯದು, "ಅಲ್ಲಿ ಯಾರ ಪೈಕಿ?" ಮೂರನೆಯದಕ್ಕೆ ಹೋಗುವಷ್ಟರಲ್ಲಿ ಇಬ್ಬರಿಗೂ ಬೇಕಾದ ಒಬ್ಬ ಕಂಡಕ್ಟರೋ ಕಂಟ್ರಾಕ್ಟರೋ ಪತ್ತೆಯಾಗಿ ಕಾಫಿಗೆ ಆರ್ಡರ್ ಆಗಿರುತ್ತದೆ. ಮಂಡ್ಯ ಜಿಲ್ಲೆಯಲ್ಲಿ ಇದು ಸಲೀಸಾಗಿ ನಡೆಯುತ್ತದೆ. ಆಕ್ಲೆಂಡಿನಲ್ಲಿ ನಡೆಯುವುದಿಲ್ಲ. ಇಲ್ಲಿ ಮಳೆಯ ವಿಚಾರ ಕೇಳಬಹುದು, ವೀಕೆಂಡಿನ ವಿಚಾರ ಕೇಳಬಹುದು, ನಾಯಿಯ ಆರೋಗ್ಯ ವಿಚಾರಿಸಬಹುದು. ಮನುಷ್ಯನ ಊರು ಕೇಳಿದರೆ ಮಾತ್ರ ಎದುರಿನವರ ಮುಖ ಬಿಗಿಯುತ್ತದೆ.

ಆಕ್ಲೆಂಡಿನ ನಮ್ಮ ಮನೆಗೆ ಬಂದಿದ್ದ ಮಾವ, ಪಾರ್ಸೆಲ್ ತಂದ ಹುಡುಗನನ್ನು ಕೇಳಿದರು. ಔಷಧಿ ಅಂಗಡಿಯ ಹೆಂಗಸನ್ನು ಕೇಳಿದರು. ನಮ್ಮ ಮಗಳು ಪುಟ್ಟಿಯ ಟೀಚರನ್ನು ಕೇಳಿದರು, ಆಕೆ "ಆಕ್ಲೆಂಡ್" ಅಂದದ್ದನ್ನು ಒಪ್ಪದೆ "ನೋ ನೋ, ನೇಟಿವ್, ನೇಟಿವ್!" ಎಂದು ಪಟ್ಟು ಹಿಡಿದರು. ಆವತ್ತು ರಾತ್ರಿ ನಮ್ಮವರು ಬಾಗಿಲು ಹಾಕಿಕೊಂಡು ಹೆಡ್‌ಮಾಸ್ಟರಿಗೆ ಪಾಠ ಮಾಡಿದರು. "ಅಪ್ಪಾ, ಇಲ್ಲಿ ಹಾಗೆಲ್ಲ ಕೇಳಬಾರದು. ತಪ್ಪು ತಿಳ್ಕೋತಾರೆ." ಅಂದಿನಿಂದ ಮಾವ ಯಾರನ್ನೂ ಏನೂ ಕೇಳಲಿಲ್ಲ. ಹಾಲಿನ ಕ್ಯಾನನ್ನು ಹಿಂದೆ ಮುಂದೆ ತಿರುಗಿಸಿ ಓದುತ್ತಾ ಕೂತರು. ಅದರ ಮೇಲೆ ಹಸುವಿನ ಊರಾದರೂ ಬರೆದಿರುತ್ತದಲ್ಲ.

ಆ ಮೌನ ತಡೆಯಲಾರದೆ ನಮ್ಮವರು ರೋಟೊರುವಾಕ್ಕೆ ಒಂದು ದಿನದ ಟೂರ್ ಬುಕ್ ಮಾಡಿದರು. ಬಿಸಿನೀರಿನ ಬುಗ್ಗೆ, ಕಾಡು, ಮಾವೋರಿ ಸಂಸ್ಕೃತಿ ಮೂರೂ ಒಂದೇ ಹಗಲಿನಲ್ಲಿ. ಬಸ್ಸು, ಗೈಡು, ಊಟ ಎಲ್ಲ ಸೇರಿ. "ಊಟ ಸೇರಿ" ಎಂಬ ಮಾತನ್ನು ಅತ್ತೆ ಕಿವಿಗೇ ಹಾಕಿಕೊಳ್ಳಲಿಲ್ಲ. ನಸುಕಿನಲ್ಲೆದ್ದು ಚಿತ್ರಾನ್ನ, ಮೊಸರನ್ನ ಕಟ್ಟಿದರು.

ಬಸ್ಸು ಆಕ್ಲೆಂಡ್ ದಾಟಿ ದಕ್ಷಿಣಕ್ಕೆ ಹೊರಟು ಸ್ವಲ್ಪ ಹೊತ್ತಿಗೆ "ಬಾಂಬೆ" ಎಂಬ ಬೋರ್ಡು ಕಂಡಿತು. ಅತ್ತೆಗೆ ಗಾಬರಿ. ವಿಮಾನದಲ್ಲಿ ಅಷ್ಟು ಹೊತ್ತು ಕಾಲು ಊದಿಸಿಕೊಂಡು ಬಂದದ್ದು ಹಾಗಾದರೆ ಎಲ್ಲಿಗೆ? 1865ರಲ್ಲಿ "ಬಾಂಬೆ" ಎಂಬ ಹಡಗಿನಲ್ಲಿ ಬಂದ ವಲಸೆಗಾರರು ಇಲ್ಲಿ ಜಮೀನು ಮಾಡಿಕೊಂಡು ಹಡಗಿನ ಹೆಸರನ್ನೇ ಊರಿಗೆ ಇಟ್ಟರಂತೆ. "ಬಸ್ಸಿನ ಹೆಸರು ಇಟ್ಕೊಂಡಿದ್ರೆ ನಮ್ಮೂರೂ ಶ್ರೀ ಗಣೇಶ್ ಟ್ರಾನ್ಸ್‌ಪೋರ್ಟ್ ಆಗ್ತಿತ್ತು," ಅಂದರು ಮಾವ. ಬಹಳ ದಿನದ ಮೇಲೆ ಅವರ ಬಾಯಿಂದ ಬಂದ ಮೊದಲ ಉದ್ದನೆಯ ವಾಕ್ಯ.

ಗೈಡು ಮೂವತ್ತರ ಆಸುಪಾಸಿನ ಮಾವೋರಿ ಹುಡುಗ. ಬಸ್ಸು ಓಡಿಸುವವನೂ ಅವನೇ, ಕತೆ ಹೇಳುವವನೂ ಅವನೇ. ಮೈಕಿನಲ್ಲಿ ತನ್ನ ಪರಿಚಯ ಹೇಳಿಕೊಂಡ. "ನನ್ನ ಬೆಟ್ಟ ತರವೆರಾ. ನನ್ನ ಸರೋವರ ತರವೆರಾ. ನನ್ನ ದೋಣಿ ತೆ ಅರವಾ. ನನ್ನ ಜನ ತುಹೌರಂಗಿ." ಸ್ವಂತ ಹೆಸರು ಕಟ್ಟಕಡೆಗೆ ಬಂತು, ಅದೂ ಹೇಳಿದರೆಷ್ಟು ಬಿಟ್ಟರೆಷ್ಟು ಎಂಬಂತೆ.

ಮಾವ ಸೀಟಿನಲ್ಲಿ ನೆಟ್ಟಗೆ ಕೂತರು. "ಲೋ, ಈ ಹುಡುಗ ನಾನು ಕೇಳೋಕ್ ಮುಂಚೇನೇ ಹೇಳ್ಬಿಟ್ಟನಲ್ಲೋ!"

"ಅಪ್ಪಾ, ಅದಕ್ಕೆ ಪೆಪೆಹಾ ಅಂತಾರೆ. ಅವರ ಸಂಸ್ಕೃತಿ."

"ನಾನು ಕೇಳಿದ್ರೆ?"

ನಮ್ಮವರು ಕಿಟಕಿಯಾಚೆ ಹಸುಗಳನ್ನು ನೋಡತೊಡಗಿದರು.

ಇಲ್ಲೊಂದು ಮನೆಯ ಗುಟ್ಟು ಹೇಳಬೇಕು. ನಮ್ಮವರಿಗೂ ಒಂದು ಪೆಪೆಹಾ ಇದೆ. ನ್ಯೂಜಿಲೆಂಡಿನ ಎಷ್ಟೋ ಆಫೀಸುಗಳಲ್ಲಿ ಈಗ ಮೀಟಿಂಗಿಗೆ ಮೊದಲು ಹೀಗೆ ಪರಿಚಯ ಹೇಳಿಕೊಳ್ಳುವುದನ್ನು ಕಲಿಸುತ್ತಾರೆ. ಖಾಲಿ ಜಾಗ ಬಿಟ್ಟ ಒಂದು ಹಾಳೆ ಕೊಡುತ್ತಾರೆ, ತುಂಬಿಕೊಳ್ಳಬೇಕು. ಇವರು ಬೆಟ್ಟದ ಜಾಗದಲ್ಲಿ ಮೌಂಗಫೌ, ನೀರಿನ ಜಾಗದಲ್ಲಿ ವೈತೆಮಟಾ ಎಂದು ಬರೆದುಕೊಂಡು, ಕನ್ನಡಿಯ ಮುಂದೆ ನಿಂತು ಬಾಯಿಪಾಠ ಮಾಡಿದ್ದರು. ಆ ಬೆಟ್ಟದ ಮೇಲೆ ಅವರಿಗಿರುವ ಹಕ್ಕು ಇಷ್ಟೇ: ನಮ್ಮ ಅಡುಗೆಮನೆ ಕಿಟಕಿಯಿಂದ ಕಾಣುತ್ತದೆ.

ಗೈಡು "ನಿಮ್ಮಲ್ಲಿ ಯಾರಾದರೂ ಹೇಳ್ತೀರಾ?" ಅಂದದ್ದೇ ತಡ, ನಮ್ಮವರು ಕೈಯೆತ್ತಿ ಮಾವೋರಿಯಲ್ಲಿ ಸರಾಗವಾಗಿ ಒಪ್ಪಿಸಿದರು. ಬಸ್ಸು ಚಪ್ಪಾಳೆ ತಟ್ಟಿತು. ಗೈಡು ಕನ್ನಡಿಯಲ್ಲಿ ಹಿಂದೆ ನೋಡಿ ನಕ್ಕ. "ಉಚ್ಚಾರ ಸೊಗಸಾಗಿದೆ, ಅಣ್ಣಾ. ಆದರೆ ಆ ಬೆಟ್ಟಕ್ಕೆ ಆಗಲೇ ಜನ ಇದ್ದಾರಲ್ಲ. ನಿನ್ನ ತಾತನ ಬೆಟ್ಟ ಯಾವುದು?"

ನಮ್ಮವರ ಬಾಯಿ ತೆರೆಯಿತು, ಮುಚ್ಚಿತು. ಆ ಜಾಗಕ್ಕೆ ಹಾಳೆಯಲ್ಲಿ ಗೆರೆ ಇರಲಿಲ್ಲ. ಅಷ್ಟರಲ್ಲಿ ಮಾವ ಸೀಟಿನ ಬೆನ್ನು ಹಿಡಿದು ಎದ್ದು ನಿಂತಿದ್ದರು.

"ಮೈ ಹಿಲ್, ಕುಂತಿಬೆಟ್ಟ. ಮೈ ರಿವರ್, ಲೋಕಪಾವನಿ."

"ರೀ, ಕಾವೇರಿ ಅನ್ರೀ," ಅತ್ತೆ ಪಂಚೆ ಜಗ್ಗಿದರು. ಅವರ ತವರು ಶ್ರೀರಂಗಪಟ್ಟಣ. "ಆ ಲೋಕಪಾವನಿ ಬೇಸಿಗೇಲಿ ಮೊಣಕಾಲಿಗೂ ಬರಲ್ಲ. ಪರದೇಶದಲ್ಲಿ ಮರ್ಯಾದೆ ಪ್ರಶ್ನೆ."

"ಅವರವರ ಹೊಳೆ ಅವರವರಿಗೆ. ನಿನ್ನ ಸರದಿ ಬಂದಾಗ ನೀನು ಕಾವೇರಿ ಅನ್ನು."

ಇನ್ನು ದೋಣಿ. ಪೂರ್ವಿಕರನ್ನು ಹೊತ್ತು ತಂದದ್ದು ಯಾವುದು ಎಂದು ಹೇಳಬೇಕು. "ಸಿಂಗಪುರದಿಂದ ಬಂದ ವಿಮಾನ ಅಂದ್ಬಿಡಿ ಅಪ್ಪಾ," ಎಂದು ನಮ್ಮವರು ಪಿಸುಗುಟ್ಟಿದರು. ಮಾವ ಒಂದು ಕ್ಷಣ ಯೋಚಿಸಿ, "ಬುಲ್ಲಕ್ ಕಾರ್ಟ್" ಅಂದರು.

ಆಮೇಲೆ ಅವರು ಹೇಳಿದ್ದು ನನಗೆ ಹೊಸದು. ನಮ್ಮವರಿಗೂ ಹೊಸದಾಗಿತ್ತು ಅನ್ನುವುದು ತರ್ಜುಮೆ ಮಾಡುವಾಗ ಅವರು ತಡವರಿಸಿದ್ದರಿಂದಲೇ ತಿಳಿಯಿತು. 1911ರಲ್ಲಿ ಕಾವೇರಿಗೆ ಕಟ್ಟೆ ಹಾಕುವ ಕೆಲಸ ಶುರುವಾಗಿ, ಕಟ್ಟೆ ಏರಿದ ಹಾಗೆ ಕನ್ನಂಬಾಡಿ ಮತ್ತು ಸುತ್ತಿನ ಹಳ್ಳಿಗಳು ನೀರು ಪಾಲಾದವು. ಕೃಷ್ಣರಾಜಸಾಗರ ಎಂಬುದು ಕಾಗದದ ಹೆಸರು. ನಮ್ಮ ಕಡೆಯ ಹಳಬರಿಗೆ ಅದು ಇವತ್ತಿಗೂ ಕನ್ನಂಬಾಡಿ ಕಟ್ಟೆ. ಮಾವನ ತಾತ ಒಳಕಲ್ಲು, ಬಾಗಿಲ ಕದ, ಒಂದಿಷ್ಟು ಪಾತ್ರೆಯನ್ನು ಗಾಡಿಗೆ ಹೇರಿಕೊಂಡು ಪಾಂಡವಪುರದ ಕಡೆಗೆ ಬಂದರಂತೆ.

ಗೈಡು ಒಂದು ಸರ್ಕಲ್ ಸುತ್ತುವವರೆಗೂ ಮಾತಾಡಲಿಲ್ಲ. ಆಮೇಲೆ ತನ್ನ ಕತೆ ತೆಗೆದ. 1886ರ ಜೂನ್ 10ರ ನಸುಕಿನಲ್ಲಿ ತರವೆರಾ ಬೆಟ್ಟ ಬಾಯಿ ಬಿಟ್ಟಿತು. ದೇಶಾಂತರದ ಜನ ನೋಡಲು ಬರುತ್ತಿದ್ದ ಗುಲಾಬಿ ಮತ್ತು ಬಿಳಿಯ ಸಿಲಿಕಾ ಮೆಟ್ಟಿಲುಗಳು ಹೋದವು. ಸುಮಾರು 120 ಜನ ಸತ್ತರು. ಅವನ ಹಿರಿಯರ ತೆ ವೈರೊವಾ ಎಂಬ ಊರು ಬೂದಿ, ಕೆಸರಿನಡಿ ಹೂತುಹೋಯಿತು. ಅಲ್ಲಿ ಪ್ರವಾಸಿಗರಿಗೆ ದಾರಿ ತೋರಿಸುತ್ತಿದ್ದ ಸೋಫಿಯಾ ಹಿನೆರಂಗಿ ಎಂಬಾಕೆಯ ಮನೆ ಗಟ್ಟಿಯಾಗಿದ್ದರಿಂದ, ಅದರೊಳಗೆ ನುಗ್ಗಿದ ಅರವತ್ತಕ್ಕೂ ಹೆಚ್ಚು ಜನ ಬದುಕಿದರು. ಉಳಿದವರಲ್ಲಿ ಬಹಳ ಮಂದಿ ಫಕರೆವರೆವ ಎಂಬ ಕಣಿವೆಗೆ ಬಂದು ನೆಂಟರ ನಡುವೆ ನೆಲೆಯಾದರು. ನಮ್ಮ ಬಸ್ಸು ಹೋಗುತ್ತಿದ್ದುದು ಅಲ್ಲಿಗೇ.

"ನಿಮ್ದು ಬೂದಿ, ನಮ್ದು ನೀರು," ಅಂದರು ಮಾವ. ಗೈಡು ಇವರನ್ನು ಬಸ್ಸಿನ ಮುಖ್ಯಸ್ಥ ಎಂದು ಘೋಷಿಸಿಬಿಟ್ಟ. ಸ್ವಾಗತದ ಹೊತ್ತಿನಲ್ಲಿ ಅತಿಥಿಗಳ ಪರವಾಗಿ ಮುಂದೆ ನಿಲ್ಲಲು ಒಬ್ಬ ಯಜಮಾನ ಬೇಕಂತೆ.

ಯಜಮಾನಿಕೆ ಸಿಕ್ಕಿ ಹತ್ತು ನಿಮಿಷವಾಗಿರಲಿಲ್ಲ, ಬಸ್ಸಿನೊಳಗೆ ಒಂದು ವಾಸನೆ ಹಬ್ಬಿತು. ಅತ್ತೆ ಮಾವನನ್ನು ಸುಡುವ ಹಾಗೆ ನೋಡಿದರು. "ರಾತ್ರಿ ಮೂಲಂಗಿ ಹುಳಿ ಬೇಡ ಅಂದೆ, ಕೇಳಿದ್ರಾ?" ಮುಖ್ಯಸ್ಥರು ನಿರಪರಾಧಿ. ಅದು ರೋಟೊರುವಾದ ನೆಲದೊಳಗಿಂದ ಬರುವ ಹೈಡ್ರೋಜನ್ ಸಲ್ಫೈಡ್. ಊರಿನ ಜನಕ್ಕೆ ಅದು ಮೂಗಿಗೇ ಹತ್ತುವುದಿಲ್ಲವಂತೆ. ಬೆಳ್ಳಿ ಮಾತ್ರ ಈ ಗಾಳಿಗೆ ಕಪ್ಪಾಗುತ್ತದೆ ಎಂದು ಗೈಡು ಎಚ್ಚರಿಸಿದ್ದರಿಂದ ಅತ್ತೆಗೆ ಧರ್ಮಸಂಕಟ ಶುರುವಾಯಿತು. ಕಾಲುಂಗುರ ತೆಗೆಯುವ ಹಾಗಿಲ್ಲ, ಬಿಡುವ ಹಾಗಿಲ್ಲ. ಕೊನೆಗೆ ಮಗನ ಕಾಲಿನ ಸಾಕ್ಸ್ ಬಿಚ್ಚಿಸಿ ತಾವು ಹಾಕಿಕೊಂಡರು.

ಆ ಕಣಿವೆಯಲ್ಲಿರುವ ತೆ ಪುಯಾ ಎಂಬ ಪ್ರವಾಸಿ ಕೇಂದ್ರದ ಅಂಗಳದಲ್ಲಿ ಸ್ವಾಗತ. ಈಟಿ ಹಿಡಿದ ಯೋಧನೊಬ್ಬ ಕಣ್ಣು ಹಿಗ್ಗಿಸಿ, ನಾಲಿಗೆ ಚಾಚಿ, ಕುಣಿಯುತ್ತಾ ಬಂದು ನಮ್ಮ ಮಾವನ ಮುಂದೆ ಒಂದು ಎಲೆ ಇಟ್ಟ. ಬಂದವರು ಸ್ನೇಹಕ್ಕೆ ಬಂದರೋ ಜಗಳಕ್ಕೋ ಎಂಬ ಪರೀಕ್ಷೆ ಅದು. ಕಣ್ಣಲ್ಲಿ ಕಣ್ಣಿಟ್ಟು ಎಲೆ ಎತ್ತಿಕೊಳ್ಳಬೇಕು, ನಗಬಾರದು. ಎಸ್ಸೆಸ್ಸೆಲ್ಸಿ ಪರೀಕ್ಷೆಯಲ್ಲಿ ಕಾಪಿ ಹೊಡೆಯುವವರನ್ನು ಮೂವತ್ತು ವರ್ಷ ಹಿಡಿದ ಕಣ್ಣುಗಳವು. ಮೊದಲು ರೆಪ್ಪೆ ಬಡಿದದ್ದು ಯೋಧನೇ ಎಂದು ಪುಟ್ಟಿ ಈಗಲೂ ಸಾಧಿಸುತ್ತಾಳೆ. ಆಮೇಲೆ ಹೊಂಗಿ, ಅಂದರೆ ಮೂಗಿಗೆ ಮೂಗು ತಾಗಿಸಿ ಉಸಿರು ಹಂಚಿಕೊಳ್ಳುವುದು. ಮಾವ ಕನ್ನಡಕ ತೆಗೆದು ಅತ್ತೆಯ ಕೈಗೆ ಕೊಟ್ಟು ಸಿದ್ಧರಾದರು.

ಚಪ್ಪಲಿ ಬಿಟ್ಟು ಸಭಾಮನೆಯೊಳಗೆ ಬನ್ನಿ ಅಂದಾಗ ಪ್ರವಾಸಿಗರೆಲ್ಲ ಲೇಸು ಬಿಚ್ಚುತ್ತಾ ಒದ್ದಾಡುತ್ತಿದ್ದರೆ ನಮ್ಮ ಸಂಸಾರ ಆಗಲೇ ಮುಂದಿನ ಸಾಲಿನಲ್ಲಿ ಕೂತಿತ್ತು. ಆ ಸಭಾಮನೆ ಕುಲದ ಮೂಲಪುರುಷನ ಮೈ. ಮಾಡಿನ ನಡುತೊಲೆ ಅವನ ಬೆನ್ನುಮೂಳೆ, ಇಳಿತೊಲೆಗಳು ಪಕ್ಕೆಲುಬು, ಮುಂದಿನ ಇಳಿಜಾರು ಹಲಗೆಗಳು ತೋಳು. ಕೆತ್ತನೆಯ ಕಂಬಗಳೆಲ್ಲ ಹಿರಿಯರೇ. ಮಾವ ಒಂದೊಂದು ಕಂಬದ ಮುಂದೆ ನಿಂತು ಇದು ಯಾರು, ಅವರಿಗೆ ಇವರೇನಾಗಬೇಕು ಎಂದು ಕೇಳಿದರು. ಯಾರೂ ತಪ್ಪು ತಿಳಿಯಲಿಲ್ಲ. ಹಿಂದಿನ ಸಾಲಿನವರಿಗೆ ಹಸಿವಾಗಿತ್ತು, ಅಷ್ಟೆ.

ಹಾಕಾ ಎಂಬ ಮಾವೋರಿ ಕುಣಿತ ಕಲಿಸಲು ಗಂಡಸರನ್ನು ವೇದಿಕೆಗೆ ಕರೆದರು. ನಮ್ಮವರು ತೊಡೆ ತಟ್ಟಿ, ನಾಲಿಗೆ ಗದ್ದಕ್ಕೆ ತಾಗುವಂತೆ ಚಾಚಿದಾಗ ಅತ್ತೆ ನನ್ನ ಕಿವಿಯಲ್ಲಿ, "ಚಿಕ್ಕವನಿದ್ದಾಗ ಇದೇ ಕೆಲಸಕ್ಕೆ ಬೆತ್ತದಲ್ಲಿ ಹೊಡೆಸ್ಕೊಂಡಿದ್ದ," ಅಂದರು.

ಕಣಿವೆಯಲ್ಲಿ ಮಣ್ಣಿನ ಕೊಳಗಳು ಮುದ್ದೆಗೆ ಎಸರು ಬಂದ ಹಾಗೆ ಲೊಟಲೊಟ ಎನ್ನುತ್ತಿದ್ದವು. ಈ ಬೆಂಕಿ ಹೇಗೆ ಬಂತು ಎಂಬುದಕ್ಕೆ ಗೈಡು ಹೇಳಿದ ಕತೆ: ತೆ ಅರವಾ ದೋಣಿಯಲ್ಲಿ ಬಂದ ಪುರೋಹಿತ ಙಾತೊರೊಇರಂಗಿ, ಟೊಂಗರಿರೊ ಬೆಟ್ಟದ ಮೇಲೆ ಚಳಿಗೆ ಸಾಯುವಂತಾದಾಗ ಹವೈಕಿಯಲ್ಲಿದ್ದ ಅಕ್ಕತಂಗಿಯರನ್ನು ಕೂಗಿದ. ಅವರು ಕಳಿಸಿದ ಬೆಂಕಿ ಕಡಲಿನಡಿ, ನೆಲದಡಿ ಬರುತ್ತಾ, ತಲೆಯೆತ್ತಿದಲ್ಲೆಲ್ಲ ಬುಗ್ಗೆ ಬಿಟ್ಟಿತು. (ವರ್ಣಮಾಲೆಯಲ್ಲಿ ಸಂಬಳ ಎಣಿಸುತ್ತಾ ಕೂತಿದ್ದ ಙಕಾರಕ್ಕೆ ಕೊನೆಗೂ ಒಂದು ಪೋಸ್ಟಿಂಗ್ ಸಿಕ್ಕಿತೆಂದು ಮಾವನಿಗೆ ಖುಷಿಯೋ ಖುಷಿ.) "ಒಡಹುಟ್ಟಿದವರು ಅಂದ್ರೆ ಹಾಗಿರ್ಬೇಕು," ಎಂದು ಅತ್ತೆ ನಿಟ್ಟುಸಿರಿಟ್ಟರು. ಮಾವನ ತಂಗಿ ಈಚೆಗೆ ಕಳಿಸಿದ್ದು ಆಸ್ತಿ ಪಾಲಿನ ನೋಟೀಸು.

ಅಲ್ಲಿನ ಪೊಹುಟು ಗೀಸರ್ ಎಂಬ ಬಿಸಿನೀರಿನ ಬುಗ್ಗೆ 30 ಮೀಟರ್‌ವರೆಗೆ ಚಿಮ್ಮುತ್ತದೆ. ಕಾಯುವವರಿಗೆ ಎದುರಿನ ಬಂಡೆಗಳೇ ಬೆಂಚು, ಅವೂ ಕೆಳಗಿನ ಕಾವಿಗೆ ಬೆಚ್ಚಗಿರುತ್ತವೆ. ಅತ್ತೆ ಕೂತರು. ಗೀಸರ್ ಚಿಮ್ಮಿತು, ನಿಂತಿತು, ಮತ್ತೆ ಚಿಮ್ಮಿತು, ಅವರು ಏಳಲಿಲ್ಲ. ಎಷ್ಟೋ ವರ್ಷದ ಮಂಡಿನೋವು ಅಲ್ಲಿ ಇಳಿಯುತ್ತಿತ್ತು. ಒಂದು ಕಾಲಕ್ಕೆ ಈ ಗೀಸರುಗಳೂ ಸೊರಗಿದ್ದವಂತೆ. ಊರವರು ಮನೆ ಬೆಚ್ಚಗಿಡಲು, ಸ್ನಾನಕ್ಕೆ ಎಂದು ಸಿಕ್ಕಲ್ಲೆಲ್ಲ ಬೋರು ಕೊರೆದು ಬಿಸಿನೀರು ಎಳೆದಿದ್ದರು. 1986ರಲ್ಲಿ ಸರ್ಕಾರ ಪೊಹುಟುವಿನ ಸುತ್ತ ಒಂದೂವರೆ ಕಿಲೋಮೀಟರ್ ಒಳಗಿನ ಬೋರುಗಳನ್ನು ಮುಚ್ಚಿಸಲು ಹೊರಟಿತು. ಮುಚ್ಚಿದ ಮೇಲೆ ಬುಗ್ಗೆಗಳು ಚೇತರಿಸಿಕೊಂಡವು.

ಮಾವನಿಗೆ ನಂಬಿಕೆ ಬರಲಿಲ್ಲ. "ಸರ್ಕಾರ ಬೋರು ಮುಚ್ಚಿಸ್ತು, ಜನ ಸುಮ್ಮನಿದ್ರಾ?"

"ಸುಮ್ಮನಿರಲಿಲ್ಲ," ಅಂದ ಗೈಡು.

"ಮತ್ತೆ ಮುಚ್ಚಿತಾ?"

"ಮುಚ್ಚಿತು."

ಮಾವನಿಗೆ ಗೀಸರಿಗಿಂತ ಇದೇ ದೊಡ್ಡ ವಿಸ್ಮಯ. ನಮ್ಮ ಕಡೆ ಸಾವಿರ ಅಡಿ ಕೊರೆದು, ಧೂಳು ಬಂದರೆ ದಿಕ್ಕು ಬದಲಿಸಿ ಇನ್ನೊಂದು ಕೊರೆಸುತ್ತಾರೆಂದು ಹೇಳಿದರು. ಈಗ ನಂಬದಿರುವ ಸರದಿ ಗೈಡಿನದು.

ಊಟಕ್ಕೆ ಹಬೆಯಲ್ಲಿ ಬೆಂದ ಮಾಂಸ, ಗೆಣಸು, ಕುಂಬಳ, ಜೋಳದ ತೆನೆ. ಒಟ್ಟಿಗೆ ಬೆಂದವೋ ಬೇರೆ ಬೇರೆಯಾಗಿಯೋ ಎಂದು ಅತ್ತೆ ವಿಚಾರಣೆ ನಡೆಸುತ್ತಿದ್ದಾಗ, ನಮ್ಮವರು ದಣಿದು ಊಟದ ಮೇಜಿನಂಚಿಗೆ ಒರಗಿ ಕೂತರು. ಪುಟ್ಟಿ ಕಿರುಚಿದಳು. "ಅಪ್ಪಾ, ಇಳಿ! ಊಟದ ಟೇಬಲ್ ಮೇಲೆ ಕೂರಬಾರದು, ತಪು! ಮಿಸ್ ಹೇಳಿದಾರೆ!" (ತಪು ಅಂದರೆ ಮಾವೋರಿಗಳಲ್ಲಿ ನಿಷಿದ್ಧ.) ಅಷ್ಟಕ್ಕೇ ನಿಲ್ಲಿಸದೆ, ತಲೆಯಿಡುವ ದಿಂಬಿನ ಮೇಲೆ ಕೂರಬಾರದು, ಪಾತ್ರೆ ಒರೆಸುವ ಬಟ್ಟೆಯನ್ನು ಮೈಬಟ್ಟೆಯ ಜೊತೆ ಒಗೆಯಬಾರದು ಎಂದು ಪಟ್ಟಿ ಒಪ್ಪಿಸಿದಳು. ಗೈಡು ಮೆಚ್ಚಿ ತಲೆಯಾಡಿಸಿದ.

ಅತ್ತೆಯ ಕೈಯಲ್ಲಿದ್ದ ಚಿತ್ರಾನ್ನದ ಡಬ್ಬಿ ನಡುಗಿತು. "ಇದನ್ನೇ ನಾನು ಬಂದಾಗಿನಿಂದ ಬಡ್ಕೋತಿದೀನಿ! ಅಡುಗೆಕಟ್ಟೆ ಮೇಲೆ ಕೂರಬೇಡ್ವೇ ಅಂದ್ರೆ 'ಅಜ್ಜಿ ಓಲ್ಡ್ ಫ್ಯಾಷನ್' ಅಂತಾಳೆ. ಮಿಸ್ ಹೇಳಿದ್ರೆ ಸಂಸ್ಕೃತಿ, ನಾನು ಹೇಳಿದ್ರೆ ಮಡಿ!" ವಾಷಿಂಗ್ ಮೆಷಿನ್ನಿನ ವಿಷಯಕ್ಕೆ ಬಂದು ನನ್ನ ಕಡೆ ತಿರುಗಿದರು. ನಾನು ಗೆಣಸನ್ನು ಬಹಳ ಶ್ರದ್ಧೆಯಿಂದ ಸುಲಿಯುತ್ತಿದ್ದೆ.

ಕೊನೆಗೆ ಕಾಡು. 1901ರಲ್ಲಿ ನೆಟ್ಟ ರೆಡ್‌ವುಡ್ ಮರಗಳು ಈಗ 70 ಮೀಟರ್ ದಾಟಿವೆ. ಕತ್ತೆತ್ತಿ ನೋಡಿದರೆ ಟೋಪಿ ಬೀಳುತ್ತದೆ. ಮರದಿಂದ ಮರಕ್ಕೆ 28 ತೂಗುಸೇತುವೆ, 700 ಮೀಟರ್ ದಾರಿ. ಪುಟ್ಟಿ ಅಪ್ಪನನ್ನು ಎಳೆದುಕೊಂಡು ಹತ್ತಿದಳು. ಅತ್ತೆ ಬೆಳ್ಳಿಬೆನ್ನಿನ ಜರೀಗಿಡದ ಎಲೆ ಮಗುಚಿ, ಇದು ಮಾತ್ರ ಈ ಗಾಳಿಗೆ ಹೇಗೆ ಕಪ್ಪಾಗಿಲ್ಲ ಎಂದು ಪರೀಕ್ಷಿಸುತ್ತಿದ್ದರು. ಮಾವ ರೆಡ್‌ವುಡ್ಡಿನ ಬುಡ ತಟ್ಟಿ, "ಇದು ಯಾವೂರಿಂದು?" ಅಂದರು. ಕ್ಯಾಲಿಫೋರ್ನಿಯಾದ್ದು. "ನೋಡಮ್ಮ, ನಮ್ಮ ಹುಡುಗರೆಲ್ಲ ಕ್ಯಾಲಿಫೋರ್ನಿಯಾಕ್ಕೆ ಹೋದ್ರೆ ಇದು ಅಲ್ಲಿಂದ ಇಲ್ಲಿಗೆ ಬಂದು ಸೆಟ್ಲಾಗಿದೆ."

ವಾಪಸು ಬರುವಾಗ ಮಾವ ಸೀಟಿನಲ್ಲಿ ಕೂರಲಿಲ್ಲ. ಮುಖ್ಯಸ್ಥರ ಅಧಿಕಾರ ಇನ್ನೂ ಚಾಲ್ತಿಯಲ್ಲಿತ್ತು. ಒಂದೊಂದೇ ಸಾಲಿಗೆ ಹೋಗಿ ಎಲ್ಲರ ಬೆಟ್ಟ, ಹೊಳೆ, ದೋಣಿ ವಿಚಾರಿಸಿದರು. ಜನ ಹೇಳಿದರು, ಉತ್ಸಾಹದಿಂದಲೇ ಹೇಳಿದರು. ಚಿಲಿಯ ಹೆಂಗಸು ಫೋನಿನಲ್ಲಿ ಆಂಡಿಸ್ ತೋರಿಸಿದಳು. ನಮ್ಮವರು ತರ್ಜುಮೆಗೆಂದು ಹಿಂದೆ ಹಿಂದೆ ನಡೆದರು. ಸಾಕ್ಸಿಲ್ಲದ ಕಾಲಿಗೆ ಬೂಟು ಕಚ್ಚುತ್ತಿತ್ತು. ಕಡೆಯ ಸಾಲಿನಲ್ಲಿ ಒಬ್ಬ ಎತ್ತರದ ಡಚ್ಚಿನವನು ಬಹಳ ಹೊತ್ತು ಯೋಚಿಸಿ, ನಮ್ಮೂರಿನ ಸುತ್ತ ಬೆಟ್ಟವೇ ಇಲ್ಲ, ದೇಶದ ಸುಮಾರು ಕಾಲುಭಾಗ ನೆಲ ಸಮುದ್ರಕ್ಕಿಂತ ತಗ್ಗಿನಲ್ಲಿದೆ ಅಂದ.

ಮಾವ ಮಗನಿಂದ ಎರಡು ಸಲ ಕೇಳಿ ಖಚಿತ ಮಾಡಿಕೊಂಡರು. ಆಮೇಲೆ ಆ ಮನುಷ್ಯನ ಭುಜದ ಮೇಲೆ ಕೈಯಿಟ್ಟರು.

"ಬೇಜಾರ್ ಮಾಡ್ಕೋಬೇಡಪ್ಪ. ಪಾಂಡವಪುರಕ್ಕೆ ಬಾ, ನಮ್ಮ ಕಡೆ ಬಂಡೆಗೇನು ಬರ, ಒಂದು ಕೊಡಿಸೋಣ. ಲೋ, ಇವರ ಅಡ್ರೆಸ್ ಬರ್ಕೋ."