ತುಟಿ ಎತ್ತಿ ನೋಡ್ರಿ ಅಕ್ಕಾರ

ಅಂಜಬ್ಯಾಡ್ರಿ ಅಕ್ಕಾರ, ಕಚ್ಚಾಕತ್ತಿಲ್ಲ ಅಕಿ. ನಾನ ಅಕಿ ಬಾಯಾಗ ಬೆರಳ ಇಟ್ಟೇನಿ, ಹಲ್ಲ ತಿಕ್ಕಾಕತ್ತೇನಿ. ಹೌದ್ರಿ, ನಾಯಿ ಹಲ್ಲನ. ದಿನಾ ಸಂಜಿಕ, ಕಬ್ಬಿನ ಗಾಡಿ ಸಪ್ಪಳ ಕಡಿಮಿ ಆದ ಮ್ಯಾಲೆ, ಎರಡ ನಿಮಿಷದ ಕೆಲಸ.

ನಮ್ಮ ಚಂಪಿ ಮುಧೋಳ ತಳಿ. ಕುಡಚಿಯಿಂದ ತೇರದಾಳ, ಜಮಖಂಡಿ ದಾಟಿದ್ರ ಮುಧೋಳ, ನಮಗೇನ ದೂರ? ಘೋರ್ಪಡೆ ರಾಜರು ಸಾಕಿ ಬೆಳೆಸಿದ ನಾಯಿ, 2005ರಾಗ ಅಂಚೆ ಚೀಟಿ ಮ್ಯಾಲೂ ಬಂತು. ಅಲ್ಲೇ ಹತ್ರ ತಿಮ್ಮಾಪುರದಾಗ ಈ ತಳಿಗಂತ ಸಂಶೋಧನಾ ಕೇಂದ್ರನ ಐತಿ. ಎಲ್ಲಾರೂ ಅದರ ಓಟ ನೋಡತಾರ, ಸಣ್ಣ ನಡಾ ನೋಡತಾರ. ಬಾಯಿ ಯಾರ ನೋಡತಾರ? ನಾನೂ ನೋಡಿದ್ದಿಲ್ಲ. ಇಕಿ ತಾಯಿಗೆ ಹಾಲಾಗ ಜ್ವಾಳದ ರೊಟ್ಟಿ ಮುರದು ಹಾಕಿದ್ರ ಹಾಲ ಅಷ್ಟ ಕುಡದು ರೊಟ್ಟಿ ಬಿಡತಿದ್ಲು. ಸೊಕ್ಕು ಬಂದೈತಿ ಅಂತ ಬೈದೆ. ಡಾಕ್ಟರು ತುಟಿ ಎತ್ತಿ ತೋರಿಸಿದಾಗ ಎದಿ ಧಸಕ್ ಅಂತು. ಮ್ಯಾಲಿನ ದೊಡ್ಡ ದವಡಿ ಹಲ್ಲಿಗೆ ಬೆಲ್ಲದ ಬಣ್ಣದ ಕಿಟ್ಟ, ಒಸಡ ಬಾತು, ಹಿಂದ ಸರದು, ಬೇರ ಕಾಣತಿತ್ತು. ಮೂರ ಹಲ್ಲ ಕಿತ್ತರು. ನಾಯಿ ಹಲ್ಲ ನೋವಂತ ಅಳೂದಿಲ್ರಿ ಅಕ್ಕಾರ, ಒಂದ ಬದಿಲೆ ಅಗದು ಸುಮ್ಮನ ಇರತೈತಿ.

ಕಿಟ್ಟ ಅದ ದವಡಿ ಹಲ್ಲಿಗೆ ಯಾಕ ಕಟ್ಟತೈತಿ ಅಂದ್ರ, ಜೊಲ್ಲ ಬರೂ ನಾಳ ಅಲ್ಲೇ ಬಾಯಿ ಬಿಡತೈತಿ. ಹಂಡೇದಾಗ ಬೋರಿನ ನೀರ ಕಾಸಿ ಕಾಸಿ ಸುಣ್ಣದ ಪದರ ಕಟ್ಟತೈತಲ್ಲ, ಹಂಗ. ಹಲ್ಲಿನ ಪಾಚಿ ಮೆತ್ತಗಿದ್ದಾಗ ಅರಿವಿಲೆ ಹೋಗತೈತಿ. ಎರಡ ಮೂರ ದಿನ ಬಿಟ್ರ ಗಟ್ಟಿ ಆಗಾಕ ಸುರು, ಆಮ್ಯಾಲೆ ಮಂಪರ ಕೊಟ್ಟು ಡಾಕ್ಟರ ತಗೀಬೇಕು.

ನಮ್ಮ ಪೇಸ್ಟ್ ಮಾತ್ರ ಹಚ್ಚಬ್ಯಾಡ್ರಿ. ನಾಯಿಗೆ ಉಗುಳಾಕ ಬರೂದಿಲ್ಲ, ನುಂಗತೈತಿ. ಕೆಲವು ಪೇಸ್ಟಿನಾಗ ಕ್ಸೈಲಿಟಾಲ್ ಅಂತ ಸಿಹಿ ಇರತೈತಿ, ನಾಯಿ ರಕ್ತದಾಗಿನ ಸಕ್ಕರಿ ಒಮ್ಮೆಲೇ ಇಳಿಸಿ ಜೀವಕ್ಕ ಕುತ್ತ ತರತೈತಿ. ಉಪ್ಪು, ಇದ್ದಲಿ ಪುಡಿನೂ ಬ್ಯಾಡ. ನಾಯಿ ಪೇಸ್ಟ್ ಬ್ಯಾರೆ ಸಿಗತೈತಿ, ಸಿಗಲಿಲ್ಲಂದ್ರ ಒದ್ದಿ ಅರಿವಿ ಆದರೂ ನಡೀತೈತಿ.

ಮೊದಲ ದಿನಾನ ಬ್ರಷ್ ತುರುಕಬ್ಯಾಡ್ರಿ. ನಾಕ ದಿನ ಬರೇ ತುಟಿ ಮುಟ್ಟೂದು, ಶಾಬಾಸ್ ಅನ್ನೂದು. ಆಮ್ಯಾಲೆ ಬೆರಳಿಗೆ ಅರಿವಿ ಸುತ್ತಿ ಕೋರಿ ಹಲ್ಲು, ಹಂಗ ಮೆಲ್ಲಕ ಹಿಂದಿನ ದವಡಿಗೆ. 42 ಹಲ್ಲ ಇದ್ರೂ ಬಾಯಿ ಅಗಲ ತೆರಸೂದ ಬ್ಯಾಡ. ಒಳಗಿನ ಬದಿ ನಾಲಿಗಿನ ತಿಕ್ಕತೈತಿ, ಹೊರಗಿನ ಬದಿ, ಒಸಡಿನ ಅಂಚು ನಮ್ಮ ಪಾಲು.

ಎಲುಬ ಕಡದ್ರ ಹಲ್ಲ ತಾವ ಸ್ವಚ್ಛ ಆಗತಾವ ಅಂತೀರಾ? ಗಟ್ಟಿ ಎಲುಬಿಗೆ ಅದ ದವಡಿ ಹಲ್ಲ ಸೀಳತೈತ್ರಿ, ಹಾಕಬ್ಯಾಡ್ರಿ.

ಒಂದ ಮಾತ ಹೇಳತೇನಿ, ಸಿಟ್ಟಾಗಬ್ಯಾಡ್ರಿ. ನಿಮ್ಮ ನಾಯಿ ರಾಜ್ಯಾನ ಬಾಯಿ ವಾಸನಿ ಬೇಲಿ ಈಚೆಗೂ ಬರಾಕತ್ತೈತಿ. ನಾಯಿ ಬಾಯಿ ಅಂದ್ರ ನಾರೂದ ಅಂತ ಬಿಡಬ್ಯಾಡ್ರಿ. ಕರೀರಿ ಅವನ್ನ. ನೀವು ಕಿವಿ ಹಿಂದ ತುರಸ್ರಿ, ನಾನು ತುಟಿ ಎತ್ತತೇನಿ. ಹಾಂ, ಬಲಗಡೆ, ಮ್ಯಾಲೆ. ಕಾಣಸ್ತ?